ಮಾಸ್ ಎಫೆಕ್ಟ್ 2: ಕೊನೇ ಮಿಷನ್‌ನಿಂದ 12 ಮಂದಿಯನ್ನೂ ಜೀವಂತ ಕರೆತರುವುದು ಹೇಗೆ?

"ಎಲ್ಲರ ಲಾಯಲ್ಟಿ ಮಿಷನ್ ಮುಗಿಸಿದ್ದೆ, ಹಡಗಿಗೆ ಎಲ್ಲ ಅಪ್‌ಗ್ರೇಡೂ ಹಾಕಿಸಿದ್ದೆ. ಆದರೂ ಮಾರ್ಡಿನ್ ಸತ್ತ." ಮಾಸ್ ಎಫೆಕ್ಟ್ 2 ಆಡಿದವರಿಂದ ಈ ದೂರು ನನ್ನ ಕಿವಿಗೆ ಮತ್ತೆ ಮತ್ತೆ ಬೀಳುತ್ತದೆ. ಶೆಪರ್ಡ್ ಎಂಬ ನಾಯಕನಾಗಿ ನೀವು 12 ಮಂದಿಯ ತಂಡವನ್ನು ಕಲೆಕ್ಟರ್ ಎಂಬ ಶತ್ರುಗಳ ನೆಲೆಗೆ ಕರೆದೊಯ್ಯುವ ವಿಡಿಯೋ ಗೇಮ್ ಇದು. ಹೆಸರು ಮಾತ್ರ ಬದಲು. ಒಬ್ಬರಿಗೆ ಮಾರ್ಡಿನ್, ಇನ್ನೊಬ್ಬರಿಗೆ ಟಾಲಿ, ಮತ್ತೊಬ್ಬರಿಗೆ ಜಾಕ್. ಆಡಿದವರು ಮೂರನೇ ಸಲವೂ ಅದೇ ಜಾಗದಲ್ಲಿ ಎಡವುತ್ತಾರೆ, ಗುರಿ ಸರಿಯಿಲ್ಲ ಎಂದುಕೊಂಡು ಬಂದೂಕು ಬದಲಿಸುತ್ತಾರೆ.

ಇಲ್ಲಿ ಸಾಯುವವರು ನಿಮ್ಮ ಗುರಿ ತಪ್ಪಿದ್ದಕ್ಕೆ ಸಾಯುವುದಿಲ್ಲ. ಯಾರನ್ನು ಯಾವ ಕೆಲಸಕ್ಕೆ ಕಳಿಸಿದಿರಿ, ಯಾರನ್ನು ಹಿಂದೆ ಬಿಟ್ಟಿರಿ ಎಂಬುದರ ಮೇಲೆ ಅವರ ಉಳಿವು ನಿಂತಿದೆ. ಗೇಮನ್ನು ಅತಿ ಸುಲಭದ ಮಟ್ಟದಲ್ಲಿ ಆಡಿದರೂ ಅಷ್ಟೇ, ಅತಿ ಕಷ್ಟದಲ್ಲಿ ಆಡಿದರೂ ಅಷ್ಟೇ. ಇದರಲ್ಲಿ ಸತ್ತವರು 2012ರ ಮೂರನೇ ಭಾಗದಲ್ಲಿ ತಿರುಗಿ ಬರುವುದಿಲ್ಲ. ಅಲ್ಲಿನ ದೊಡ್ಡ ತೀರ್ಮಾನಗಳಿಗೆ ಮಾರ್ಡಿನ್, ಟಾಲಿ, ಲೀಜನ್ ಬೇಕೇ ಬೇಕು. ಹಾಗಾಗಿ ಒಬ್ಬರನ್ನೂ ಕಳೆದುಕೊಳ್ಳದ ಹಾದಿಯನ್ನೇ ಇಲ್ಲಿ ಬರೆಯುತ್ತಿದ್ದೇನೆ.

ಕಥೆಯ ತಿರುವುಗಳು ಮುಂದೆ ಬಿಚ್ಚಿಕೊಳ್ಳುತ್ತವೆ. ಏನೂ ತಿಳಿಯದೆ ಮೊದಲ ಸಲ ಆಡುವ ಆಸೆ ಇದ್ದವರು ಎರಡನೇ ಹಂತದವರೆಗೆ ಓದಿ ನಿಲ್ಲಿಸಿ.

## ಕೈಯಲ್ಲಿ ಇರಬೇಕಾದದ್ದು

2021ರ ಲೆಜೆಂಡರಿ ಎಡಿಷನ್ ಆಡುತ್ತಿದ್ದರೆ ಕಸುಮಿ, ಜಾಯಿದ್ ಇಬ್ಬರೂ ಗೇಮ್‌ನಲ್ಲೇ ಇದ್ದಾರೆ. 2010ರ ಹಳೆಯ ಆವೃತ್ತಿಯಲ್ಲಿ ಅವರನ್ನು ಬೇರೆಯಾಗಿ ಇಳಿಸಿಕೊಳ್ಳಬೇಕಿತ್ತು. ನಿಮ್ಮಲ್ಲಿ ಅವರಿಲ್ಲದಿದ್ದರೆ ಎಂಟನೇ ಹಂತದ ಲೆಕ್ಕದಿಂದ ಅವರನ್ನು ತೆಗೆದುಹಾಕಿ.

ಒಂದು ಹಾಳೆ, ಒಂದು ಪೆನ್ನು ಇಟ್ಟುಕೊಳ್ಳಿ. ನಿಜಕ್ಕೂ ಬೇಕಾಗುತ್ತದೆ. ಇದರ ಜೊತೆಗೆ ನೀವೇ ಮಾಡಿದ, ಆಟೋಸೇವ್ ಅಲ್ಲದ ಮೂರು ಸೇವ್‌ಗಳು ಇರಲಿ: ರೀಪರ್ ಐಎಫ್‌ಎಫ್ (ಒಮೆಗಾ-4 ರಿಲೇ ದಾಟಲು ಬೇಕಾದ ಸಾಧನ) ತರುವ ಮಿಷನ್‌ಗೆ ಹೊರಡುವ ಮೊದಲು ಒಂದು, ಲೀಜನ್‌ನ ಲಾಯಲ್ಟಿ ಮಿಷನ್ ಮುಗಿದ ಮೇಲೆ ಒಂದು, ಕಲೆಕ್ಟರ್ ನೆಲೆಗೆ ಒಯ್ಯುವ ದ್ವಾರವಾದ ಒಮೆಗಾ-4 ರಿಲೇ ದಾಟುವ ಮೊದಲು ಒಂದು. ಒಂದರ ಮೇಲೆ ಇನ್ನೊಂದನ್ನು ಬರೆಯಬೇಡಿ.

## ಹಂತ 1: ಹಡಗಿನ ಮೂರು ಅಪ್‌ಗ್ರೇಡ್

ನಿಮ್ಮ ಹಡಗು ನಾರ್ಮಂಡಿಗೆ ಹಾಕಿಸಬಹುದಾದವು ಹಲವಿವೆ. ಜೀವ ಉಳಿಸುವುದು ಮೂರು ಮಾತ್ರ.

ಒಂದು, ಹಡಗಿನ ಕವಚ. ಇದನ್ನು ಸೂಚಿಸುವವನು ಜೇಕಬ್, ಬೆಲೆ 15,000 ಪಲ್ಲೇಡಿಯಂ. ಎರಡು, ಮಲ್ಟಿಕೋರ್ ಶೀಲ್ಡ್. ಸೂಚಿಸುವವಳು ಟಾಲಿ, ಇದಕ್ಕೂ 15,000 ಪಲ್ಲೇಡಿಯಂ. ಮೂರು, ಥಾನಿಕ್ಸ್ ಫಿರಂಗಿ. ಸೂಚಿಸುವವನು ಗ್ಯಾರಸ್, ಬೆಲೆ 15,000 ಪ್ಲಾಟಿನಂ.

ಇವು ತಾವಾಗಿ ಪಟ್ಟಿಯಲ್ಲಿ ಕಾಣಿಸಿಕೊಳ್ಳುವುದಿಲ್ಲ. ಆಯಾ ವ್ಯಕ್ತಿಯ ಹತ್ತಿರ ಹೋಗಿ ಮಾತಾಡಬೇಕು. ಅವರು ಹಡಗಿನ ವಿಷಯ ಎತ್ತಿದ ಮೇಲೆ ಮಾರ್ಡಿನ್‌ನ ಲ್ಯಾಬ್‌ನಲ್ಲಿರುವ ಟರ್ಮಿನಲ್‌ನಿಂದ ಕೊಳ್ಳಬೇಕು. ಗ್ಯಾರಸ್‌ನನ್ನು ತಂಡಕ್ಕೆ ಸೇರಿಸಿಕೊಂಡು ಆಮೇಲೆ ಅವನ ಕಡೆ ತಲೆಯೇ ಹಾಕದವರು ಬಹಳ. ಅವರಿಗೆ ಫಿರಂಗಿಯ ಸುದ್ದಿಯೇ ತಿಳಿಯುವುದಿಲ್ಲ.

ಗ್ರಹಗಳನ್ನು ಸ್ಕ್ಯಾನ್ ಮಾಡುವುದು ಬೇಸರದ ಕೆಲಸ, ಒಪ್ಪುತ್ತೇನೆ. ಖನಿಜ ತುಂಬಿದ ಗ್ರಹಗಳನ್ನಷ್ಟೇ ಹುಡುಕಿ, ಗ್ರಾಫ್ ಎತ್ತರಕ್ಕೆ ಏರಿದ ಜಾಗದಲ್ಲಿ ಮಾತ್ರ ಪ್ರೋಬ್ ಬಿಡಿ. ಬಡ ಗ್ರಹಗಳ ಮೇಲೆ ಪ್ರೋಬ್ ಸುರಿಯಬೇಡಿ. ಮೊದಲು ಪಲ್ಲೇಡಿಯಂ ಕೂಡಿಸಿ, ಅದು ಎರಡು ಪಾಲು ಬೇಕು. ಬೇರೆ ಅಪ್‌ಗ್ರೇಡ್‌ಗಳಿಗೂ ಅದೇ ಪಲ್ಲೇಡಿಯಂ ಖರ್ಚಾಗುತ್ತದೆ. ಹಡಗಿನದ್ದು ಮುಗಿಯುವ ತನಕ ಅವುಗಳ ಕಡೆ ಕೈ ಹಾಕಬೇಡಿ.

ಕವಚ ಇಲ್ಲದಿದ್ದರೆ ಜಾಕ್ ಸಾಯುತ್ತಾಳೆ. ಶೀಲ್ಡ್ ಇಲ್ಲದಿದ್ದರೆ ಒಬ್ಬರು, ಫಿರಂಗಿ ಇಲ್ಲದಿದ್ದರೆ ಇನ್ನೊಬ್ಬರು. ರಿಲೇ ದಾಟಿದ ಕೂಡಲೇ ಬರುವ ದೃಶ್ಯದಲ್ಲೇ ಇದೆಲ್ಲ ನಡೆದುಹೋಗುತ್ತದೆ. ಆಗ ನೀವು ಒತ್ತಬಹುದಾದ ಬಟನ್ ಒಂದೂ ಇಲ್ಲ.

## ಹಂತ 2: ಪ್ರತಿಯೊಬ್ಬರ ಲಾಯಲ್ಟಿ

ತಂಡದ ಪ್ರತಿಯೊಬ್ಬರಿಗೂ ಒಂದು ಸ್ವಂತ ಸಂಕಟ ಇದೆ. ಅದನ್ನು ಬಗೆಹರಿಸಿಕೊಟ್ಟರೆ ಅವರು ಲಾಯಲ್ ಆಗುತ್ತಾರೆ. ಮಿಷನ್ ಮುಗಿಯಿತು ಎಂದರೆ ಲಾಯಲ್ಟಿ ಸಿಕ್ಕಿತು ಎಂದಲ್ಲ, ತಪ್ಪುವುದೇ ಇಲ್ಲಿ. ಹಡಗಿಗೆ ಬಂದ ಮೇಲೆ ತಂಡದ ಪರದೆ ತೆರೆದು ಒಬ್ಬೊಬ್ಬರನ್ನೂ ನೋಡಿ ಖಚಿತ ಮಾಡಿಕೊಳ್ಳಿ.

ಹೆಚ್ಚಿನವರದ್ದು ಮಿಷನ್ ಮುಗಿಸಿದರೆ ಸಾಕು. ಎಚ್ಚರ ಬೇಕಾದವರು ನಾಲ್ವರು.

ಜಾಯಿದ್: ಅವನ ಮಿಷನ್‌ನಲ್ಲಿ ಹೊತ್ತಿ ಉರಿಯುವ ಕಾರ್ಖಾನೆಯ ಕೆಲಸಗಾರರನ್ನು ಉಳಿಸಲು ಹೋದರೆ ಅವನ ಹಗೆಯವನು ತಪ್ಪಿಸಿಕೊಳ್ಳುತ್ತಾನೆ. ಆಮೇಲೆ ಜಾಯಿದ್‌ನನ್ನು ಒಲಿಸಿಕೊಳ್ಳಲು ಮಾತಿನ ಬಲ, ಅಂದರೆ ಪ್ಯಾರಗನ್ (ಒಳ್ಳೆಯತನದ) ಅಂಕ, ಚೆನ್ನಾಗಿಯೇ ಇರಬೇಕು. ಅಂಕ ಕಡಿಮೆ ಇದ್ದರೆ ಈ ಮಿಷನ್ ಸ್ವಲ್ಪ ತಡವಾಗಿ ಮಾಡಿ.

ಥೇನ್: ಸಿಟಾಡೆಲ್‌ನಲ್ಲಿ ಒಬ್ಬ ರಾಜಕಾರಣಿಯನ್ನು ಮೇಲಿನ ಹಾದಿಯಿಂದ ಹಿಂಬಾಲಿಸಬೇಕು. ನಡುವೆ ಅವನು ಕಣ್ತಪ್ಪಿದರೆ ಮಿಷನ್ ಕೆಟ್ಟಿತು. ಆ ರಾಜಕಾರಣಿ ಎಲ್ಲಿದ್ದಾನೆ ಎಂದು ಥೇನ್ ಕೇಳಿದಾಗೆಲ್ಲ ತಡಮಾಡದೆ ಉತ್ತರಿಸಿ, ಮುಂದೆ ಓಡಿ.

ಸಮಾರಾ: ಒಮೆಗಾದ ಕ್ಲಬ್‌ನಲ್ಲಿ, ಸಮಾರಾ ಬೆನ್ನಟ್ಟಿರುವ ಕೊಲೆಗಾರ್ತಿ ಮೊರಿಂತ್‌ಳ ಗಮನ ಸೆಳೆಯುವ ಕೆಲಸ. ಅವಳಿಗೆ ಅನುಮಾನ ಬಂದರೆ ಮುಗಿಯಿತು, ಎರಡನೇ ಅವಕಾಶ ಇಲ್ಲ. ಒಳಗೆ ಹೋಗುವ ಮೊದಲು ಸೇವ್ ಮಾಡಿ.

ಟಾಲಿ: ವಿಚಾರಣೆಯಲ್ಲಿ ಅವಳ ಅಪ್ಪನ ತಪ್ಪಿನ ಸಾಕ್ಷಿ ನಿಮ್ಮ ಕೈಯಲ್ಲಿರುತ್ತದೆ. ಅದನ್ನು ತೋರಿಸಿದರೆ ಟಾಲಿ ಶಿಕ್ಷೆಯಿಂದ ಪಾರಾಗುತ್ತಾಳೆ, ಆದರೆ ನಿಮ್ಮ ಮೇಲಿನ ನಂಬಿಕೆ ಹೋಗುತ್ತದೆ. ಮಾತಿನಲ್ಲಿ ಗೆಲ್ಲುವ ಅಂಕ ಇಲ್ಲದಿದ್ದರೂ ಸಾಕ್ಷಿ ಮುಚ್ಚಿಡಿ. ಅವಳಿಗೆ ಗಡಿಪಾರಾದರೂ ಲಾಯಲ್ಟಿ ಉಳಿಯುತ್ತದೆ. ಅಪ್ಪನ ಮರ್ಯಾದೆ ಉಳಿಸಿ ಎಂದು ಅವಳು ಬೇಡಿಕೊಂಡದ್ದನ್ನು ಮರೆತು, ಅವಳಿಗೆ ಒಳ್ಳೆಯದು ಮಾಡುತ್ತಿದ್ದೇನೆ ಎಂದುಕೊಂಡು ಸಾಕ್ಷಿ ತೋರಿಸಿದವರು ಎಷ್ಟೋ ಮಂದಿ.

## ಹಂತ 3: ಎರಡು ಜಗಳ

ಮಿರಾಂಡಾ ಮತ್ತು ಜಾಕ್, ಇಬ್ಬರ ಮಿಷನ್‌ಗಳೂ ಮುಗಿದ ಮೇಲೆ ಹಡಗಿನಲ್ಲೇ ಅವರಿಬ್ಬರಿಗೆ ಹತ್ತಿಕೊಳ್ಳುತ್ತದೆ. ಟಾಲಿಗೂ ಲೀಜನ್‌ಗೂ ಅದೇ ರೀತಿ. ಇಬ್ಬರನ್ನೂ ಸಮಾಧಾನ ಮಾಡುವ ಮಾತು ನೀಲಿ ಅಥವಾ ಕೆಂಪು ಬಣ್ಣದಲ್ಲಿ ಕಾಣುತ್ತದೆ. ಅಂಕ ಸಾಲದಿದ್ದರೆ ಅದು ಮಸುಕಾಗಿರುತ್ತದೆ, ಆಗ ಒಬ್ಬರ ಪರ ನಿಲ್ಲಬೇಕಾಗುತ್ತದೆ, ಇನ್ನೊಬ್ಬರ ಲಾಯಲ್ಟಿ ಹೋಗುತ್ತದೆ.

ಇದಕ್ಕೆ ಮದ್ದು ಶುರುವಿನಿಂದಲೇ ಒಂದೇ ದಾರಿ ಹಿಡಿಯುವುದು. ಪ್ಯಾರಗನ್ ಆದರೆ ಪ್ಯಾರಗನ್, ರೆನೆಗೇಡ್ ಆದರೆ ರೆನೆಗೇಡ್. ಒಂದು ಕಡೆ ಕರುಣೆ, ಇನ್ನೊಂದು ಕಡೆ ಕ್ರೌರ್ಯ ಎಂದು ಹಂಚಿಕೊಂಡು ಆಡಿದರೆ ಎರಡೂ ಅರ್ಧಂಬರ್ಧ ಉಳಿದು ಇಲ್ಲಿ ಕೈಕೊಡುತ್ತವೆ. ಲಾಯಲ್ಟಿ ಹೋದ ಮೇಲೂ ಅಂಕ ಕೂಡಿಸಿಕೊಂಡು ಆ ವ್ಯಕ್ತಿಯ ಬಳಿ ಹೋಗಿ ಮಾತಾಡಿದರೆ ಸರಿಪಡಿಸಬಹುದು, ಆದರೆ ಮುಂದಿನ ಹಂತ ದಾಟಿದ ಮೇಲೆ ಅದಕ್ಕೆ ಸಮಯ ಇರುವುದಿಲ್ಲ.

## ಹಂತ 4: ರೀಪರ್ ಐಎಫ್‌ಎಫ್‌ಗೆ ಮುನ್ನ ನಿಲ್ಲಿ

ಮಿಷನ್ ಪಟ್ಟಿಯಲ್ಲಿ ರೀಪರ್ ಐಎಫ್‌ಎಫ್ ಕಾಣಿಸಿದಾಗ ಕುತೂಹಲಕ್ಕೆ ಹೊರಟುಬಿಡಬೇಡಿ. ಇಡೀ ಗೇಮ್‌ನಲ್ಲಿ ನಿಜವಾಗಿ ಹಿಂತಿರುಗಲಾಗದ ಹೊಸ್ತಿಲು ಇದೇ. ಐಎಫ್‌ಎಫ್ ಹಡಗಿಗೆ ಬಂದ ಮೇಲೆ ಒಂದೆರಡು ಮಿಷನ್ ಮುಗಿಯುತ್ತಿದ್ದಂತೆ ಕಲೆಕ್ಟರ್‌ಗಳು ನಾರ್ಮಂಡಿಗೆ ನುಗ್ಗಿ ಸಿಬ್ಬಂದಿಯನ್ನು ಹೊತ್ತೊಯ್ಯುತ್ತಾರೆ.

ಹೊರಡುವ ಮೊದಲು ಹಾಳೆಯ ಮೇಲೆ ಗುರುತು ಹಾಕಿ. ಲೀಜನ್ ಬಿಟ್ಟು ಉಳಿದ 11 ಮಂದಿ ಲಾಯಲ್. ಮಿರಾಂಡಾ-ಜಾಕ್ ಜಗಳ ತೀರಿದೆ. ಕವಚ, ಶೀಲ್ಡ್, ಫಿರಂಗಿ ಮೂರೂ ಬಂದಿವೆ. ಮಾಡಬೇಕೆಂದು ಮನಸ್ಸಿನಲ್ಲಿದ್ದ ಚಿಕ್ಕಪುಟ್ಟ ಮಿಷನ್‌ಗಳೂ ಮುಗಿದಿವೆ. ಇಷ್ಟು ಆದ ಮೇಲೆ ಸೇವ್ ಮಾಡಿ, ಹೋಗಿ.

ವಾಪಸ್ ಬಂದ ಮೇಲಿನ ಕ್ರಮ ಹೀಗಿರಲಿ. ಮೊದಲು ಅಲ್ಲಿ ಸಿಕ್ಕ ರೋಬಾಟ್ ಲೀಜನ್‌ನನ್ನು ಎಬ್ಬಿಸಿ. ಅದನ್ನು ಸರ್ಬರಸ್ ಸಂಸ್ಥೆಗೆ ಒಪ್ಪಿಸುವ ಆಯ್ಕೆಯೂ ಬರುತ್ತದೆ, ಒಪ್ಪಿಸಬೇಡಿ. ಅದರ ಜೊತೆ ಮಾತಾಡಿ, ಬೇರೆಲ್ಲೂ ಹೋಗದೆ ನೇರ ಅದರ ಲಾಯಲ್ಟಿ ಮಿಷನ್‌ಗೆ ಹೋಗಿ. ಮುಗಿಸಿ ಬಂದ ಮೇಲೆ ಟಾಲಿ-ಲೀಜನ್ ಜಗಳ ತೀರಿಸಿ. ಗ್ಯಾಲಕ್ಸಿ ನಕ್ಷೆ ಮುಟ್ಟುವ ಮೊದಲು ಎರಡನೇ ಸೇವ್ ಮಾಡಿ.

## ಹಂತ 5: ಸಿಬ್ಬಂದಿ ಅಪಹರಣವಾದ ಕೂಡಲೇ ಹೊರಡಿ

ಸಿಬ್ಬಂದಿಯನ್ನು ಎಳೆದೊಯ್ದ ಮೇಲೂ ಗೇಮ್ ನಿಮ್ಮನ್ನು ಅವಸರಿಸುವುದಿಲ್ಲ. ಪರದೆಯ ಮೇಲೆ ಗಡಿಯಾರ ಓಡುವುದಿಲ್ಲ. ಒಳಗೆ ಲೆಕ್ಕ ಮಾತ್ರ ನಡೆಯುತ್ತಿರುತ್ತದೆ. ತಕ್ಷಣ ಒಮೆಗಾ-4 ರಿಲೇ ದಾಟಿದರೆ ಎಲ್ಲರೂ ಸಿಗುತ್ತಾರೆ. ನಡುವೆ 1ರಿಂದ 3 ಮಿಷನ್ ಮಾಡಿದರೆ ಅರ್ಧ ಮಂದಿ ಹೋಗಿರುತ್ತಾರೆ, ಕೆಲ್ಲಿ ಚೇಂಬರ್ಸ್ ಕೂಡ. ಅದಕ್ಕೂ ಹೆಚ್ಚಾದರೆ ಉಳಿಯುವುದು ಡಾಕ್ಟರ್ ಚಾಕ್ವಾಸ್ ಒಬ್ಬರೇ.

ಬಾಕಿ ಉಳಿದ ಮಿಷನ್ ಏನಿದ್ದರೂ ಕೊನೇ ಮಿಷನ್ ಮುಗಿದ ಮೇಲೆ ಮಾಡಬಹುದು. ಕಥೆ ಮುಗಿದ ಮೇಲೂ ಗೇಮ್ ಆಡಲು ಬಿಡುತ್ತದೆ.

## ಹಂತ 6: ಕೊಳವೆಯೊಳಗೆ ಯಾರು, ಎರಡನೇ ತಂಡಕ್ಕೆ ಯಾರು?

ಕಲೆಕ್ಟರ್ ನೆಲೆಗೆ ಇಳಿದ ಮೇಲೆ ಮೊದಲ ಆಯ್ಕೆ. ಒಬ್ಬರು ಬಿಸಿ ಕೊಳವೆಯೊಳಗೆ ತೂರಿ ಹೋಗಿ ಬಾಗಿಲು ತೆರೆಯಬೇಕು. ಟಾಲಿ, ಲೀಜನ್, ಕಸುಮಿ, ಈ ಮೂವರಲ್ಲಿ ಲಾಯಲ್ ಆದ ಒಬ್ಬರನ್ನು ಕಳಿಸಿ. ಜೇಕಬ್ ತಾನೇ ಹೋಗುತ್ತೇನೆಂದು ಮುಂದೆ ಬರುತ್ತಾನೆ. ಮಾರ್ಡಿನ್ ವಿಜ್ಞಾನಿಯಾದ್ದರಿಂದ ಅವನೂ ಸರಿ ಎನ್ನಿಸುತ್ತದೆ. ಇಬ್ಬರೂ ಹೆಣವಾಗುತ್ತಾರೆ.

ಬೇರೆ ದಾರಿಯಲ್ಲಿ ಹೋಗುವ ಎರಡನೇ ತಂಡದ ನಾಯಕನಾಗಿ ಗ್ಯಾರಸ್, ಮಿರಾಂಡಾ, ಜೇಕಬ್ ಮೂವರಲ್ಲಿ ಲಾಯಲ್ ಆದ ಒಬ್ಬರನ್ನು ಹಾಕಿ. ಇಲ್ಲಿನ ಒಂದು ಸೂಕ್ಷ್ಮ ಬಹಳ ಜನರಿಗೆ ಗೊತ್ತಿಲ್ಲ. ಈ ನಾಯಕನ ಆಯ್ಕೆ ತಪ್ಪಿದರೆ ಸಾಯುವುದು ನಾಯಕನಲ್ಲ, ಕೊಳವೆಯಿಂದ ಹೊರಬಂದವರು. "ಟಾಲಿಯನ್ನೇ ಕಳಿಸಿದ್ದೆ, ಬಾಗಿಲ ಬಳಿ ಮುಖಕ್ಕೆ ಗುಂಡು ಬಿತ್ತು" ಎನ್ನುವವರ ತಪ್ಪು ಟಾಲಿಯದ್ದಲ್ಲ, ನಾಯಕನದ್ದು.

ಕೊಳವೆಯ ದಾರಿಯುದ್ದಕ್ಕೂ ವಾಲ್ವ್‌ಗಳನ್ನು ನೀವು ತೆರೆದುಕೊಡಬೇಕು, ಸಮಯ ಓಡುತ್ತಿರುತ್ತದೆ. ಎಲ್ಲ ಶತ್ರುಗಳನ್ನೂ ಕೊಂದೇ ಮುಂದೆ ಹೋಗುತ್ತೇನೆಂದು ಕೂರಬೇಡಿ. ವಾಲ್ವ್ ಮುಟ್ಟುವಷ್ಟು ದಾರಿ ಬಿಡಿಸಿಕೊಂಡು ಓಡಿ.

## ಹಂತ 7: ಹುಳುಗಳ ಗುಂಪಿನ ನಡುವೆ

ಮುಂದೆ ಮೂರು ತೀರ್ಮಾನ ಒಟ್ಟಿಗೆ ಬರುತ್ತವೆ.

ಹುಳುಗಳನ್ನು ತಡೆಯುವ ಬಯೋಟಿಕ್ (ಅತಿಮಾನುಷ ಶಕ್ತಿಯ) ಕವಚ ಹಿಡಿಯಲು ಜಾಕ್ ಅಥವಾ ಸಮಾರಾ, ಸಮಾರಾ ಬದಲು ಮೊರಿಂತ್ ಇದ್ದರೆ ಅವಳೂ ಆಗುತ್ತಾಳೆ. ಯಾವ ಬಯೋಟಿಕ್ ಆದರೂ ನಡೆಯುತ್ತದೆ ಎಂಬ ಧಾಟಿಯಲ್ಲಿ ಮಿರಾಂಡಾ ಮಾತಾಡುತ್ತಾಳೆ. ನಡೆಯುವುದಿಲ್ಲ. ಅವಳನ್ನೋ ಥೇನ್‌ನನ್ನೋ ಹಾಕಿದರೆ ನಿಮ್ಮ ಜೊತೆ ನಡೆಯುತ್ತಿದ್ದ ಒಬ್ಬರನ್ನು ಹುಳುಗಳು ಹೊತ್ತೊಯ್ಯುತ್ತವೆ.

ಎರಡನೇ ತಂಡಕ್ಕೆ ಮತ್ತೆ ನಾಯಕ ಬೇಕು. ಹಿಂದಿನವರನ್ನೇ ಇಡಬಹುದು. ನಾನು ಎರಡೂ ಸಲ ಗ್ಯಾರಸ್‌ನನ್ನೇ ಇಡುತ್ತೇನೆ, ತಲೆನೋವಿಲ್ಲ. ಈ ಸಲ ಆಯ್ಕೆ ತಪ್ಪಿದರೆ ನಾಯಕನೇ ಸಾಯುತ್ತಾನೆ.

ಸಿಬ್ಬಂದಿಯನ್ನು ಹಡಗಿಗೆ ತಲುಪಿಸಲು ಒಬ್ಬರು ಬೇಕು. ಯಾರೂ ಬೇಡ, ಅವರೇ ಹೋಗಲಿ ಎಂದರೆ ಸಿಬ್ಬಂದಿ ದಾರಿಯಲ್ಲೇ ಸಾಯುತ್ತಾರೆ. ಲಾಯಲ್ ಆದ ಮಾರ್ಡಿನ್‌ನನ್ನು ಕಳಿಸಿ. ಬೇರೆ ಯಾರಾದರೂ ಆಗುತ್ತಿತ್ತು, ಆದರೆ ಮಾರ್ಡಿನ್ ಏಕೆ ಎಂಬುದು ಮುಂದಿನ ಹಂತದಲ್ಲಿದೆ.

ನಡೆಯುವಾಗ ಕವಚದ ಒಳಗೇ ಇರಿ. ಹೊರಗೆ ಕಾಲಿಟ್ಟರೆ ಹುಳುಗಳು ಮುತ್ತುತ್ತವೆ.

## ಹಂತ 8: ಬಾಗಿಲು ಕಾಯುವವರ ಲೆಕ್ಕ

ಎಲ್ಲ ಸರಿ ಮಾಡಿದವರು ಕಳೆದುಕೊಳ್ಳುವುದು ಇಲ್ಲಿ. ಕೊನೆಯ ಕಾದಾಟಕ್ಕೆ ಇಬ್ಬರನ್ನು ಜೊತೆಗೆ ಕರೆದೊಯ್ಯುತ್ತೀರಿ, ಉಳಿದವರೆಲ್ಲ ಹಿಂದೆ ನಿಂತು ಬಾಗಿಲು ಕಾಯುತ್ತಾರೆ. ಕಾಯುವ ಪ್ರತಿಯೊಬ್ಬರಿಗೂ ಗೇಮ್ ಒಳಗೊಳಗೇ ಒಂದು ಅಂಕ ಇಟ್ಟಿದೆ.

ಗ್ಯಾರಸ್, ಗ್ರಂಟ್, ಜಾಯಿದ್: ತಲಾ 4.
ಮಿರಾಂಡಾ, ಜೇಕಬ್, ಥೇನ್, ಸಮಾರಾ ಅಥವಾ ಮೊರಿಂತ್, ಲೀಜನ್: ತಲಾ 2.
ಟಾಲಿ, ಜಾಕ್, ಕಸುಮಿ, ಮಾರ್ಡಿನ್: ತಲಾ 1.

ಲಾಯಲ್ ಅಲ್ಲದವರದ್ದು ಒಂದು ಅಂಕ ಕಡಿಮೆ. ಎಲ್ಲ ಕೂಡಿಸಿ, ಕಾಯುವವರ ಸಂಖ್ಯೆಯಿಂದ ಭಾಗಿಸಿ. ಐದು ಅಥವಾ ಹೆಚ್ಚು ಮಂದಿ ಇದ್ದಾಗ ಸರಾಸರಿ 2 ಅಥವಾ ಮೇಲಿದ್ದರೆ ಯಾರೂ ಸಾಯುವುದಿಲ್ಲ. 1.5ರಿಂದ 2ರ ಒಳಗಿದ್ದರೆ ಒಬ್ಬರು, 0.5ರಿಂದ 1.5ರ ಒಳಗಿದ್ದರೆ ಇಬ್ಬರು, ಅದಕ್ಕೂ ಕೆಳಗೆ ಮೂವರು. ಸಾಯುವ ಸರದಿಯೂ ಗೊತ್ತುಮಾಡಿದ್ದೇ: ಮೊದಲು ಮಾರ್ಡಿನ್, ನಂತರ ಟಾಲಿ, ಕಸುಮಿ, ಜಾಕ್. ಲಾಯಲ್ ಅಲ್ಲದವರಿದ್ದರೆ ಅವರ ಸರದಿ ಎಲ್ಲರಿಗಿಂತ ಮುಂಚೆ.

ನನ್ನ ಚಿಕ್ಕಪ್ಪನ ಮಗ ಒಂದು ರಾತ್ರಿ ಫೋನ್ ಮಾಡಿದ. "ಅಣ್ಣಾ, ಎಲ್ಲಾ ನೀನು ಹೇಳಿದ ಹಾಗೇ ಮಾಡಿದೀನಿ. ಟಾಲಿ ಯಾಕೆ ಸತ್ತಳು?" ಕೊನೆಗೆ ಯಾರನ್ನು ಕರಕೊಂಡು ಹೋದೆ ಅಂತ ಕೇಳಿದೆ. "ಗ್ರಂಟ್, ಗ್ಯಾರಸ್. ಇಬ್ಬರೂ ಗಟ್ಟಿ ಅಲ್ವಾ?" ಅಂದ. ಇಬ್ಬರೂ ಗಟ್ಟಿ, ತೊಂದರೆ ಆದದ್ದೂ ಅದರಿಂದಲೇ. ಫೋನಿನಲ್ಲೇ ಕೂಡಿಸಿದೆವು. ಮಾರ್ಡಿನ್ ಸಿಬ್ಬಂದಿಯ ಜೊತೆ ಹೋಗಿದ್ದ. ಬಾಗಿಲಲ್ಲಿ ಉಳಿದವರು ಜಾಯಿದ್ 4, ಮಿರಾಂಡಾ, ಜೇಕಬ್, ಥೇನ್, ಸಮಾರಾ, ಲೀಜನ್ ತಲಾ ಎರಡರಂತೆ 10, ಟಾಲಿ, ಜಾಕ್, ಕಸುಮಿ 3. ಒಟ್ಟು 17, ಜನ 9. ಸರಾಸರಿ 1.89. ಎರಡಕ್ಕೆ ಒಂದಿಷ್ಟೇ ಕಡಿಮೆ, ಆದರೆ ಒಬ್ಬರು ಸಾಯಲೇಬೇಕು. ಮಾರ್ಡಿನ್ ಅಲ್ಲಿಲ್ಲ, ಹಾಗಾಗಿ ಸರದಿ ಟಾಲಿಗೆ ಬಂತು.

ಹಿಂದಿನ ಸೇವ್‌ನಿಂದ ಶುರುಮಾಡಿ ಈ ಸಲ ಅವನು ಟಾಲಿ ಮತ್ತು ಜಾಕ್‌ರನ್ನು ಕರೆದೊಯ್ದ. ಬಾಗಿಲಲ್ಲಿ ಗ್ಯಾರಸ್, ಗ್ರಂಟ್, ಜಾಯಿದ್ ಸೇರಿ 12, ಎರಡರವರು ಐವರು 10, ಕಸುಮಿ 1. ಒಟ್ಟು 23, ಜನ ಅದೇ 9. ಸರಾಸರಿ 2.56. ಯಾರೂ ಸಾಯಲಿಲ್ಲ.

ಬಲಶಾಲಿಗಳನ್ನು ಬಾಗಿಲಲ್ಲಿ ಬಿಡಿ, ದುರ್ಬಲರನ್ನು ನಿಮ್ಮ ಜೊತೆ ಕರೆದೊಯ್ಯಿರಿ. ಕೊನೇ ಕಾದಾಟಕ್ಕೆ ಗಟ್ಟಿಗರು ಬೇಕು ಎಂದು ಮನಸ್ಸು ಎಳೆಯುತ್ತದೆ, ಅದನ್ನು ಕೇಳಬೇಡಿ. ಮಾರ್ಡಿನ್‌ನನ್ನು ಸಿಬ್ಬಂದಿಯ ಜೊತೆ ಕಳಿಸಿದ್ದೂ ಇದಕ್ಕೇ. ಬಾಗಿಲಲ್ಲಿ ಅವನಷ್ಟು ಅಪಾಯದಲ್ಲಿರುವವರು ಬೇರೆ ಯಾರೂ ಇಲ್ಲ.

ಆಯ್ಕೆ ಖಚಿತ ಮಾಡುವ ಮೊದಲು ಹಾಳೆಯ ಮೇಲೆ ನಿಮ್ಮ ತಂಡದ ಲೆಕ್ಕ ಬರೆದು ನೋಡಿ. ಒಬ್ಬಿಬ್ಬರು ಈಗಾಗಲೇ ಸತ್ತಿದ್ದರೆ ಇದು ಇನ್ನೂ ಮುಖ್ಯ. ಕಾಯುವವರು ಐವರಿಗಿಂತ ಕಡಿಮೆಯಾದರೆ ಮೇಲಿನ ಮಿತಿಗಳೂ ಬೇರೆಯಾಗುತ್ತವೆ.

## ಹಂತ 9: ಕೊನೆಯ ಕಾದಾಟ

ನಿಮ್ಮ ಜೊತೆ ಬರುವ ಇಬ್ಬರೂ ಲಾಯಲ್ ಆಗಿರಬೇಕು. ಅಲ್ಲದಿದ್ದರೆ ಕಾದಾಟ ಮುಗಿದು ವೇದಿಕೆ ಕುಸಿದಾಗ ಅವರು ಎದ್ದೇಳುವುದಿಲ್ಲ. ಇದಕ್ಕೆ ಹೊರತಾದವಳು ಮಿರಾಂಡಾ ಒಬ್ಬಳೇ.

ಮೊದಲು ನಾಲ್ಕು ಕೊಳವೆಗಳನ್ನು ಒಡೆಯಬೇಕು, ಅವು ತೆರೆದುಕೊಂಡಾಗ ಮಾತ್ರ ಗುಂಡು ತಾಕುತ್ತದೆ. ನಡುನಡುವೆ ಕಲೆಕ್ಟರ್‌ಗಳು ಬರುತ್ತಾರೆ, ಅವರನ್ನು ಮೊದಲು ಮುಗಿಸಿ. ಹೆವಿ ವೆಪನ್‌ನ ಮದ್ದನ್ನು ಇಲ್ಲಿ ಸುರಿಯದೆ ಎರಡನೇ ಸುತ್ತಿಗೆ ಉಳಿಸಿಕೊಳ್ಳಿ. ಕೊಳವೆಗಳಿಗೆ ತೂಗಿದ್ದ ದೈತ್ಯ ಯಂತ್ರ ಮೇಲೆದ್ದು ಬಂದಾಗ ಅದರ ಕಣ್ಣು ಮತ್ತು ಎದೆಯ ಹೊಳೆಯುವ ಭಾಗಕ್ಕೆ ಹೊಡೆಯಿರಿ. ಅದರ ಬಾಯಿ ಬೆಳಗತೊಡಗಿದರೆ ತಕ್ಷಣ ಮರೆಗೆ ಹೋಗಿ.

ಒಂದು ಮಾತು ನೆನಪಿರಲಿ. ತಂಡದಲ್ಲಿ ಕಡೇಪಕ್ಷ ಇಬ್ಬರು ಬದುಕಿ ಉಳಿಯದಿದ್ದರೆ ಶೆಪರ್ಡ್ ಕೂಡ ಸಾಯುತ್ತಾನೆ. ಹಾಗೆ ಮುಗಿದ ಸೇವ್ ಮೂರನೇ ಭಾಗಕ್ಕೆ ಹೋಗುವುದಿಲ್ಲ.

## ಯಾರಾದರೂ ಸತ್ತರೆ ಎಲ್ಲಿಗೆ ಹಿಂತಿರುಗಬೇಕು?

ರಿಲೇ ದಾಟುವ ದೃಶ್ಯದಲ್ಲೇ ಸತ್ತರೆ ತಪ್ಪು ಹಡಗಿನದ್ದು. ನಡುವೆ ಮಿಷನ್ ಮಾಡದೆ ಖನಿಜ ಕೂಡಿಸಲು ಆಗುವಂತಿದ್ದರೆ ಮೂರನೇ ಸೇವ್ ಸಾಕು, ಗ್ರಹ ಸ್ಕ್ಯಾನ್ ಮಾಡಿ ಅಪ್‌ಗ್ರೇಡ್ ಕೊಂಡು ಹೊರಡಿ.

ಕೊಳವೆಯ ಬಾಗಿಲಲ್ಲಿ, ಹುಳುಗಳ ನಡುವೆ ಅಥವಾ ಬಾಗಿಲು ಕಾಯುವಾಗ ಸತ್ತರೆ ಆಯಾ ಆಯ್ಕೆಗೆ ಮುಂಚಿನ ಆಟೋಸೇವ್‌ನಿಂದ ಶುರುಮಾಡಿದರೆ ಆಯಿತು. ಸತ್ತವರು ಲಾಯಲ್ ಅಲ್ಲದಿದ್ದರೆ ಮಾತ್ರ ಇನ್ನೂ ಹಿಂದೆ, ಐಎಫ್‌ಎಫ್‌ಗೆ ಮುಂಚಿನ ಸೇವ್‌ಗೆ ಹೋಗಬೇಕು. ಕೆಲವು ಗಂಟೆ ಮತ್ತೆ ಆಡಬೇಕಾಗುತ್ತದೆ. ನಾನು ಸಮಾರಾಳಿಗಾಗಿ ಒಮ್ಮೆ ಹಾಗೆ ಹಿಂದೆ ಹೋಗಿದ್ದೇನೆ. ಆ ಸಲ ಕೊನೆಯ ದೃಶ್ಯದಲ್ಲಿ ಶವಪೆಟ್ಟಿಗೆ ಒಂದೂ ಇರಲಿಲ್ಲ, ರಿಪೇರಿಗೆ ನಿಂತ ಸಿಬ್ಬಂದಿಯ ನಡುವೆ ಶೆಪರ್ಡ್ ನಡೆದುಕೊಂಡು ಹೋದ.